ಬಾಟಲಿ ನೀರು: ಬೆಲೆ ತೆರುವವರು ಯಾರು?

ಮನೆಗೆ ಬಂದ ಅತಿಥಿಗೆ ಮೊದಲು ಒಂದು ತುಂಡು ಬೆಲ್ಲ, ಒಂದು ಚೆಂಬು ನೀರು ಕೊಡುವ ಪದ್ಧತಿ ನಮ್ಮ ಕರಾವಳಿಯಲ್ಲಿತ್ತು. ನೀರು ಅಂಗಳದ ಬಾವಿಯದ್ದು. ಅದಕ್ಕೆ ಬೆಲೆ ಕಟ್ಟುವ ಯೋಚನೆ ಯಾರಿಗೂ ಬರುತ್ತಿರಲಿಲ್ಲ. ಇಂದು ಅದೇ ಊರುಗಳ ಮದುವೆ ಹಾಲ್‌ಗಳಲ್ಲಿ ಬಿರಿಯಾನಿ ತಟ್ಟೆಯ ಪಕ್ಕದಲ್ಲಿ ಪ್ರತಿಯೊಬ್ಬರಿಗೂ ಒಂದೊಂದು ಪುಟ್ಟ ಬಾಟಲಿ ಇಟ್ಟಿರುತ್ತಾರೆ. ಊಟ ಮುಗಿದಾಗ ಅರ್ಧ ಕುಡಿದು ಬಿಟ್ಟ ಬಾಟಲಿಗಳು ಎಲುಬು, ಎಂಜಲಿನೊಂದಿಗೆ ಒಂದೇ ಗೋಣಿಯಲ್ಲಿ ತುಂಬಿ ಹಾಲ್‌ನ ಹಿಂಬದಿ ಸೇರುತ್ತವೆ. ಇಫ್ತಾರ್ ಕೂಟ, ಶಾಲಾ ವಾರ್ಷಿಕೋತ್ಸವ, ಸಭೆ, ಸಮ್ಮೇಳನ ಎಲ್ಲ ಕಡೆಯೂ ಇದೇ ನೋಟ. ಬಾಟಲಿ ಇಡದಿದ್ದರೆ ಮರ್ಯಾದೆಗೆ ಕಡಿಮೆ ಎಂಬ ಭಾವನೆಯೂ ಬಂದುಬಿಟ್ಟಿದೆ.

ಇದು ಕೇವಲ ನಮ್ಮೂರಿನ ಕಥೆಯಲ್ಲ. 2023ರಲ್ಲಿ ವಿಶ್ವಸಂಸ್ಥೆಯ ವಿಶ್ವವಿದ್ಯಾಲಯ ಪ್ರಕಟಿಸಿದ ವರದಿಯ ಪ್ರಕಾರ ಜಗತ್ತಿನಲ್ಲಿ ವರ್ಷಕ್ಕೆ ಸುಮಾರು 35,000 ಕೋಟಿ ಲೀಟರ್ ಬಾಟಲಿ ನೀರು ಮಾರಾಟವಾಗುತ್ತದೆ. ಅದರ ವಹಿವಾಟು ಸುಮಾರು 27,000 ಕೋಟಿ ಡಾಲರ್. ಪ್ರತಿ ನಿಮಿಷಕ್ಕೆ ಹತ್ತು ಲಕ್ಷಕ್ಕೂ ಹೆಚ್ಚು ಬಾಟಲಿಗಳು ಬಿಕರಿಯಾಗುತ್ತವೆ. ಅದೇ ವರದಿ ಇನ್ನೊಂದು ಮಾತನ್ನೂ ಹೇಳಿದೆ. ಶುದ್ಧ ನೀರಿನ ವ್ಯವಸ್ಥೆಯಿಲ್ಲದ ಸುಮಾರು 200 ಕೋಟಿ ಜನರಿಗೆ ಅದನ್ನು ಒದಗಿಸಲು ಪ್ರತಿವರ್ಷ ಬೇಕಾಗುವ ಹಣ, ಜಗತ್ತು ಬಾಟಲಿ ನೀರಿಗೆ ಸುರಿಯುವ ಹಣದ ಅರ್ಧಕ್ಕಿಂತಲೂ ಕಡಿಮೆ!

ಹಾಗಾದರೆ ಹಣ ಇಲ್ಲ ಎಂಬುದು ಸಮಸ್ಯೆಯಲ್ಲ. ಹಣ ಯಾವ ಕಡೆ ಹರಿಯುತ್ತಿದೆ ಎಂಬುದೇ ಸಮಸ್ಯೆ.

ಐಷಾರಾಮದಿಂದ ಅಭ್ಯಾಸಕ್ಕೆ

ಭಾರತಕ್ಕೆ ಬಾಟಲಿ ನೀರು ಬಂದದ್ದು 1965ರಲ್ಲಿ. ಇಟಲಿ ಮೂಲದ ಬಿಸ್ಲೇರಿ ಮುಂಬಯಿಯಲ್ಲಿ ಗಾಜಿನ ಬಾಟಲಿಗಳಲ್ಲಿ ಮಾರಾಟಕ್ಕಿಳಿಯಿತು. ದೊಡ್ಡ ಹೋಟೆಲುಗಳ ಗಿರಾಕಿಗಳನ್ನು ಬಿಟ್ಟರೆ ಕೊಳ್ಳುವವರು ಇರಲಿಲ್ಲ. ನಾಲ್ಕೇ ವರ್ಷಗಳಲ್ಲಿ, 1969ರಲ್ಲಿ, ಆ ವ್ಯಾಪಾರವನ್ನು ಪಾರ್ಲೆ ಸಂಸ್ಥೆ ಕೇವಲ 4 ಲಕ್ಷ ರೂಪಾಯಿಗೆ ಖರೀದಿಸಿತು. ನೀರನ್ನು ಹಣ ಕೊಟ್ಟು ಕೊಳ್ಳುವವರಾರು ಎಂಬ ಪ್ರಶ್ನೆ ಆಗ ಸಹಜವಾಗಿತ್ತು.

ಆಟ ಬದಲಿಸಿದ್ದು ಪ್ಲಾಸ್ಟಿಕ್. ಅಮೆರಿಕದ ಡ್ಯುಪಾಂಟ್ ಕಂಪೆನಿಯ ಇಂಜಿನಿಯರ್ ನಥೇನಿಯಲ್ ವೈತ್ 1973ರಲ್ಲಿ ಪೆಟ್ ಪ್ಲಾಸ್ಟಿಕ್ ಬಾಟಲಿಗೆ ಪೇಟೆಂಟ್ ಪಡೆದರು. ಅದು ಹಗುರ, ಒಡೆಯದು, ಅಗ್ಗ. ಆರ್ಥಿಕ ಉದಾರೀಕರಣದ ಬಳಿಕ ಭಾರತದ ಮಾರುಕಟ್ಟೆಯೂ ತೆರೆದುಕೊಂಡಿತು. ಪೆಪ್ಸಿಯ ಅಕ್ವಾಫಿನಾ 1999ರಲ್ಲಿ, ಕೋಕಾಕೋಲಾದ ಕಿನ್ಲೆ 2000ದಲ್ಲಿ ಇಲ್ಲಿಗೆ ಬಂದವು. ತಂಪು ಪಾನೀಯ ಮಾರುತ್ತಿದ್ದ ಅದೇ ಲಾರಿ, ಅದೇ ಅಂಗಡಿ, ಅದೇ ಫ್ರಿಜ್ಜಿನಲ್ಲಿ ನೀರೂ ಸೇರಿಕೊಂಡಿತು. ಅಮೆರಿಕದಲ್ಲಂತೂ 2016ರಲ್ಲಿ ಬಾಟಲಿ ನೀರಿನ ಮಾರಾಟ ತಂಪು ಪಾನೀಯಗಳನ್ನೂ ಮೀರಿಸಿತು.

ಲೇಬಲ್‌ನಲ್ಲಿ ಹಿಮಪರ್ವತ, ಒಳಗೆ ಬೋರ್‌ವೆಲ್

ನಾವೆಲ್ಲ ಬಾಯಿ ಮಾತಿಗೆ 'ಮಿನರಲ್ ವಾಟರ್' ಎನ್ನುತ್ತೇವೆ. ಆದರೆ ಅಂಗಡಿಯಲ್ಲಿ ಸಿಗುವ ಹೆಚ್ಚಿನ ಬಾಟಲಿಗಳ ಮೇಲೆ ಬರೆದಿರುವುದು 'ಪ್ಯಾಕೇಜ್ಡ್ ಡ್ರಿಂಕಿಂಗ್ ವಾಟರ್' ಎಂದು. ಎರಡಕ್ಕೂ ನಮ್ಮ ದೇಶದಲ್ಲಿ ಬೇರೆ ಬೇರೆ ಮಾನದಂಡಗಳಿವೆ. ಖನಿಜಯುಕ್ತ ನೈಸರ್ಗಿಕ ನೀರನ್ನು ಒರತೆಯಿಂದಲೋ ನೆಲದಾಳದ ಮೂಲದಿಂದಲೋ ಪಡೆದು ಅದರ ಗುಣ ಬದಲಾಗದಂತೆ ತುಂಬಿಸಬೇಕು. ಪ್ಯಾಕೇಜ್ಡ್ ನೀರು ಯಾವ ಮೂಲದ್ದೂ ಆಗಿರಬಹುದು. ಬೋರ್‌ವೆಲ್ ನೀರನ್ನೋ ಪೈಪಿನ ನೀರನ್ನೋ ಸೋಸಿ, ಓಝೋನ್ ಅಥವಾ ಅತಿನೇರಳೆ ಕಿರಣ ಹಾಯಿಸಿ, ಬಾಟಲಿಗೆ ತುಂಬಿ ಸೀಲ್ ಮಾಡಿದರಾಯಿತು. ಲೇಬಲ್‌ನಲ್ಲಿರುವ ಬೆಟ್ಟದ ಚಿತ್ರಕ್ಕೂ ಒಳಗಿನ ನೀರಿಗೂ ಸಂಬಂಧ ಇರಬೇಕೆಂದೇನಿಲ್ಲ.

ಮುಂದುವರಿದ ದೇಶಗಳಲ್ಲೂ ಇದೇ ಸ್ಥಿತಿ. 2004ರಲ್ಲಿ ಬ್ರಿಟನ್ನಿನಲ್ಲಿ ಕೋಕಾಕೋಲಾ ಕಂಪೆನಿ 'ಡಸಾನಿ' ಎಂಬ ನೀರನ್ನು ಮಾರುಕಟ್ಟೆಗೆ ತಂದಿತು. ಅದು ಲಂಡನ್ ಬಳಿಯ ಸಿಡ್‌ಕಪ್‌ನ ನಲ್ಲಿ ನೀರನ್ನೇ ಸಂಸ್ಕರಿಸಿ ತುಂಬಿದ್ದು ಎಂದು ಪತ್ರಿಕೆಗಳು ಬಯಲಿಗೆಳೆದವು. ಅಷ್ಟರಲ್ಲೇ ಆ ನೀರಿನಲ್ಲಿ ಬ್ರೋಮೇಟ್ ಎಂಬ ರಾಸಾಯನಿಕ ಮಿತಿ ಮೀರಿರುವುದು ಪತ್ತೆಯಾಗಿ ಸುಮಾರು ಐದು ಲಕ್ಷ ಬಾಟಲಿಗಳನ್ನು ವಾಪಸು ಪಡೆಯಬೇಕಾಯಿತು. ನಲ್ಲಿಯಲ್ಲಿದ್ದಾಗ ಆ ದೋಷ ಇರಲಿಲ್ಲ. ಕಂಪೆನಿಯ ಸಂಸ್ಕರಣೆಯಿಂದಲೇ ಅದು ಬಂದಿತ್ತು.

ನಮ್ಮಲ್ಲಿ 2003ರ ಫೆಬ್ರವರಿಯಲ್ಲಿ ದೆಹಲಿಯ ಸೆಂಟರ್ ಫಾರ್ ಸೈನ್ಸ್ ಆ್ಯಂಡ್ ಎನ್ವಿರಾನ್‌ಮೆಂಟ್ ಸಂಸ್ಥೆ ದೆಹಲಿಯಲ್ಲಿ 17, ಮುಂಬಯಿಯಲ್ಲಿ 13 ಬ್ರಾಂಡ್‌ಗಳ ನೀರನ್ನು ಪರೀಕ್ಷಿಸಿತು. ಬಹುತೇಕ ಬ್ರಾಂಡ್‌ಗಳಲ್ಲಿ ಲಿಂಡೇನ್, ಡಿಡಿಟಿ, ಮೆಲಥಿಯಾನ್, ಕ್ಲೋರ್‌ಪೈರಿಫಾಸ್‌ನಂತಹ ಕೀಟನಾಶಕಗಳ ಅಂಶಗಳು ಸಿಕ್ಕವು. ಹೊಲ ಗದ್ದೆಗಳಿಗೆ ಸಿಂಪಡಿಸಿದ ವಿಷ ಮಣ್ಣಿಗಿಳಿದು ಅಂತರ್ಜಲ ಸೇರುತ್ತದೆ. ಅಲ್ಲಿಂದ ಬೋರ್‌ವೆಲ್ ಮೂಲಕ ಬಾಟಲಿಗೆ ಬರುತ್ತದೆ. ದೇಶದಾದ್ಯಂತ ಎದ್ದ ಗದ್ದಲದ ಬಳಿಕ ಕಟ್ಟುನಿಟ್ಟಿನ ಹೊಸ ಮಾನದಂಡ 2004ರ ಜನವರಿಯಿಂದ ಜಾರಿಗೆ ಬಂತು. 2024ರ ಕೊನೆಯಲ್ಲಿ ನಮ್ಮ ಆಹಾರ ಸುರಕ್ಷತಾ ಪ್ರಾಧಿಕಾರವು ಬಾಟಲಿ ನೀರನ್ನು 'ಹೆಚ್ಚು ಅಪಾಯ'ದ ಆಹಾರಗಳ ಪಟ್ಟಿಗೆ ಸೇರಿಸಿ, ತಪಾಸಣೆಯನ್ನು ಬಿಗಿಗೊಳಿಸಿತು.

ಇತ್ತೀಚಿನ ಆತಂಕ ಬಾಟಲಿಯದ್ದೇ. 2024ರ ಜನವರಿಯಲ್ಲಿ ಅಮೆರಿಕದ ಕೊಲಂಬಿಯಾ ವಿಶ್ವವಿದ್ಯಾಲಯದ ವಿಜ್ಞಾನಿಗಳು ಪ್ರಕಟಿಸಿದ ಅಧ್ಯಯನದಲ್ಲಿ, ಬಾಟಲಿ ನೀರಿನ ಪ್ರತಿ ಲೀಟರಿನಲ್ಲಿ ಸರಾಸರಿ 2,40,000 ಪ್ಲಾಸ್ಟಿಕ್ ಕಣಗಳು ಕಂಡುಬಂದವು. ಅವುಗಳಲ್ಲಿ ಶೇ. 90ರಷ್ಟು ಅತಿಸೂಕ್ಷ್ಮ ನ್ಯಾನೋ ಕಣಗಳು. ಇವು ದೇಹಕ್ಕೆ ಎಷ್ಟು ಹಾನಿ ಮಾಡುತ್ತವೆ ಎಂಬ ಸಂಶೋಧನೆ ಇನ್ನೂ ನಡೆಯುತ್ತಿದೆ. ಆದರೆ ಶುದ್ಧತೆಯ ಹೆಸರಿನಲ್ಲಿ ನಾವು ಹಣ ಕೊಟ್ಟು ಕೊಳ್ಳುವ ನೀರಿನಲ್ಲಿ ಅದನ್ನು ತುಂಬಿದ ಪ್ಲಾಸ್ಟಿಕ್ಕೂ ಇದೆ ಎಂಬುದಂತೂ ಸ್ಪಷ್ಟ.

ಒಂಬತ್ತು ಸಾವಿರ ಕಿಲೋಮೀಟರ್ ದೂರದ ನೀರು

ಹಣ್ಣಿನ ರಸವನ್ನು ಗಟ್ಟಿಮಾಡಿ ಸಾಗಿಸಬಹುದು. ಹಾಲನ್ನು ಪುಡಿಮಾಡಿ ಒಯ್ಯಬಹುದು. ನೀರನ್ನು ನೀರಾಗಿಯೇ ಹೊರಬೇಕು. ಒಂದು ಲೀಟರಿಗೆ ಒಂದು ಕಿಲೋ ಭಾರ. ಹತ್ತು ಟನ್ನಿನ ಲಾರಿಯೊಂದರಲ್ಲಿ ಹಿಡಿಸುವುದು ಹತ್ತು ಸಾವಿರ ಲೀಟರ್ ಮಾತ್ರ. ಹೀಗಾಗಿ ನೀರು ದೂರ ಹೋದಷ್ಟೂ ಡೀಸೆಲ್ ಸುಡುತ್ತದೆ.

ಇದಕ್ಕೆ ಫಿಜಿಗಿಂತ ಒಳ್ಳೆಯ ಉದಾಹರಣೆ ಇನ್ನೊಂದಿಲ್ಲ. ಶಾಂತ ಸಾಗರದ ನಡುವಿನ ಈ ದ್ವೀಪ ರಾಷ್ಟ್ರಕ್ಕೆ ಬ್ರಿಟಿಷರು ಕಬ್ಬಿನ ತೋಟಗಳಲ್ಲಿ ದುಡಿಸಲು ಭಾರತೀಯರನ್ನು ಹಡಗಿನಲ್ಲಿ ಒಯ್ದಿದ್ದರು. ಅವರ ಸಂತತಿ ಇಂದಿಗೂ ಅಲ್ಲಿದೆ. 1996ರಲ್ಲಿ ಕೆನಡಾದ ಉದ್ಯಮಿ ಡೇವಿಡ್ ಗಿಲ್ಮೋರ್, ಅಲ್ಲಿನ ವಿಟಿ ಲೆವು ದ್ವೀಪದ ಯಾಕಾರ ಕಣಿವೆಯ ಅಂತರ್ಜಲವನ್ನು ಬಾಟಲಿಗೆ ತುಂಬುವ 'ಫಿಜಿ ವಾಟರ್' ಕಂಪೆನಿ ಆರಂಭಿಸಿದರು. 2004ರಲ್ಲಿ ಅಮೆರಿಕದ ರೆಸ್ನಿಕ್ ದಂಪತಿ ಅದನ್ನು ಖರೀದಿಸಿದರು. ಹಾಲಿವುಡ್ ತಾರೆಯರ ಕೈಯಲ್ಲಿ ಆ ಚೌಕ ಬಾಟಲಿ ಮೆರೆಯತೊಡಗಿತು. ಸುಮಾರು ಒಂಬತ್ತು ಸಾವಿರ ಕಿಲೋಮೀಟರ್ ಸಮುದ್ರ ದಾಟಿ ನೀರು ಕ್ಯಾಲಿಫೋರ್ನಿಯಾ ತಲುಪಬೇಕು. ಅಲ್ಲಿನ ಮನೆಗಳಿಗಾದರೋ ಕುಡಿಯಬಹುದಾದ ನೀರು ನಲ್ಲಿಯಲ್ಲೇ ಬರುತ್ತದೆ!

ಇತ್ತ ಫಿಜಿಯ ಹಳ್ಳಿಗಳನ್ನು ಶುದ್ಧ ನೀರಿನ ಕೊರತೆ ಮತ್ತು ವಿಷಮಶೀತ ಜ್ವರ ದಶಕಗಳಿಂದ ಕಾಡುತ್ತಾ ಬಂದಿವೆ. 2010ರ ನವೆಂಬರ್‌ನಲ್ಲಿ ಅಲ್ಲಿನ ಸರಕಾರ, ತಿಂಗಳಿಗೆ 35 ಲಕ್ಷ ಲೀಟರಿಗಿಂತ ಹೆಚ್ಚು ನೀರೆತ್ತುವ ಕಂಪೆನಿ ಲೀಟರಿಗೆ 15 ಸೆಂಟ್ ತೆರಿಗೆ ಕೊಡಬೇಕೆಂದು ಆಜ್ಞೆ ಮಾಡಿತು. ಅದುವರೆಗೆ ಇದ್ದದ್ದು ಒಂದು ಸೆಂಟಿನ ಮೂರನೇ ಒಂದು ಭಾಗ. ಕಂಪೆನಿ ಸಿಟ್ಟಿನಿಂದ ಕಾರ್ಖಾನೆಗೆ ಬೀಗ ಜಡಿದು ನೌಕರರನ್ನು ಮನೆಗೆ ಕಳುಹಿಸಿತು. ಆದರೆ ಒಂದೆರಡು ದಿನಗಳಲ್ಲೇ ಮತ್ತೆ ಬಾಗಿಲು ತೆರೆದು ತೆರಿಗೆ ಕೊಡಲು ಒಪ್ಪಿತು. ಆ ದೇಶದ ನೀರಿಗೆ ಆ ದೇಶಕ್ಕೆ ಎಷ್ಟು ಸಿಗುತ್ತಿತ್ತು ಎಂಬುದು ಆಗ ಹೊರಜಗತ್ತಿಗೆ ತಿಳಿಯಿತು.

ಅಮೆರಿಕದ ಪೆಸಿಫಿಕ್ ಇನ್‌ಸ್ಟಿಟ್ಯೂಟ್‌ನ ಪೀಟರ್ ಗ್ಲೀಕ್ ಮತ್ತು ಹೀದರ್ ಕೂಲಿ 2009ರಲ್ಲಿ ಈ ಲೆಕ್ಕವನ್ನು ಕೂಲಂಕಷವಾಗಿ ಮಾಡಿದರು. ಬಾಟಲಿ ತಯಾರಿ, ತುಂಬುವಿಕೆ, ಸಾಗಾಟ, ತಂಪು ಮಾಡುವುದು ಎಲ್ಲ ಸೇರಿಸಿದರೆ ಬಾಟಲಿ ನೀರಿಗೆ ತಗಲುವ ಶಕ್ತಿ ನಲ್ಲಿ ನೀರಿನ ಎರಡು ಸಾವಿರ ಪಟ್ಟಿನವರೆಗೂ ಇರಬಹುದು. 2006ರಲ್ಲಿ ಅಮೆರಿಕನ್ನರು ಕುಡಿದ ನೀರಿನ ಬಾಟಲಿಗಳನ್ನು ತಯಾರಿಸಲಿಕ್ಕೇ 1 ಕೋಟಿ 70 ಲಕ್ಷ ಬ್ಯಾರೆಲ್‌ಗಳಿಗೂ ಹೆಚ್ಚು ತೈಲಕ್ಕೆ ಸಮನಾದ ಶಕ್ತಿ ಬೇಕಾಗಿತ್ತು. ಒಂದು ಲೀಟರ್ ಬಾಟಲಿ ನೀರು ಸಿದ್ಧವಾಗಲು ಒಟ್ಟು ಮೂರು ಲೀಟರ್ ನೀರು ಖರ್ಚಾಗುತ್ತದೆ ಎಂದೂ ಆ ಸಂಸ್ಥೆ ಅಂದಾಜಿಸಿತ್ತು.

ಮಯಿಲಮ್ಮನ ಬಾವಿ

ಫಿಜಿ ದೂರದ ಮಾತಾಯಿತು. ನಮ್ಮ ನೆರೆಯ ಕೇರಳದಲ್ಲೇ, ಪಾಲಕ್ಕಾಡ್ ಜಿಲ್ಲೆಯ ಪ್ಲಾಚಿಮಡದಲ್ಲಿ ನಡೆದದ್ದನ್ನು ನೋಡಿ. ಅಲ್ಲಿದ್ದದ್ದು ಮುಖ್ಯವಾಗಿ ತಂಪು ಪಾನೀಯದ ಕಾರ್ಖಾನೆ. ಆದರೆ ಅಂತರ್ಜಲವನ್ನು ಎತ್ತಿ ಬಾಟಲಿಗೆ ತುಂಬಿ ಹೊರಗೆ ಮಾರುವ ವಿಧಾನ ಎರಡಕ್ಕೂ ಒಂದೇ.

ಕೋಕಾಕೋಲಾದ ಆ ಘಟಕ 2000ದ ಮಾರ್ಚ್‌ನಲ್ಲಿ ಆರಂಭವಾಯಿತು. ಹೆಚ್ಚು ಕಾಲ ಕಳೆಯುವ ಮುನ್ನವೇ ಸುತ್ತಲಿನ ಬಾವಿಗಳ ನೀರು ಕೆಳಗಿಳಿಯಿತು. ಉಳಿದ ನೀರು ಗಡಸಾಗಿ ಉಪ್ಪುಪ್ಪಾಯಿತು. ಅಡುಗೆಗೂ ಸ್ನಾನಕ್ಕೂ ಅದು ಆಗದು ಎಂದು ಹೆಂಗಸರು ದೂರಿದರು. ಕೊಡ ಹೊತ್ತು ದೂರ ನಡೆಯಬೇಕಾದದ್ದು ಅವರೇ. ಮಯಿಲಮ್ಮ ಎಂಬ ಆದಿವಾಸಿ ವಿಧವೆ ಈ ಹೆಂಗಸರ ಮುಂದಾಳಾದರು. 2002ರ ಏಪ್ರಿಲ್ 22ರಂದು ಕಾರ್ಖಾನೆಯ ಗೇಟಿನೆದುರು ಧರಣಿ ಆರಂಭವಾಯಿತು. ಕಾರ್ಖಾನೆಯು ರೈತರಿಗೆ ಗೊಬ್ಬರವೆಂದು ಕೊಡುತ್ತಿದ್ದ ಕೆಸರಿನಲ್ಲಿ ಸೀಸ ಮತ್ತು ಕ್ಯಾಡ್ಮಿಯಂ ಇರುವುದನ್ನು 2003ರಲ್ಲಿ ಬಿಬಿಸಿ ರೇಡಿಯೋ ಬಹಿರಂಗಪಡಿಸಿತು. ಪೆರುಮಾಟ್ಟಿ ಪಂಚಾಯತ್ ಪರವಾನಿಗೆ ನವೀಕರಿಸಲು ನಿರಾಕರಿಸಿತು. ಅಂತರ್ಜಲ ಸಾರ್ವಜನಿಕರ ಸೊತ್ತು, ಅದನ್ನು ಮಿತಿಮೀರಿ ಎತ್ತುವ ಹಕ್ಕು ಖಾಸಗಿಯವರಿಗಿಲ್ಲ ಎಂದು 2003ರ ಡಿಸೆಂಬರ್‌ನಲ್ಲಿ ಕೇರಳ ಹೈಕೋರ್ಟಿನ ಏಕಸದಸ್ಯ ಪೀಠ ತೀರ್ಪಿತ್ತಿತು. 2004ರ ಮಾರ್ಚ್‌ನಲ್ಲಿ ಕಾರ್ಖಾನೆ ಮುಚ್ಚಿತು. ಮರುವರ್ಷ ವಿಭಾಗೀಯ ಪೀಠ ಕಂಪೆನಿಯ ಪರವಾಗಿ ಹೇಳಿದರೂ ಘಟಕ ಮತ್ತೆ ತೆರೆಯಲಿಲ್ಲ. 2017ರಲ್ಲಿ ಕಂಪೆನಿಯೇ ಸುಪ್ರೀಂ ಕೋರ್ಟಿನಲ್ಲಿ, ಅಲ್ಲಿ ಮತ್ತೆ ಉತ್ಪಾದನೆ ಮಾಡುವುದಿಲ್ಲ ಎಂದಿತು.

ಮಯಿಲಮ್ಮ 2007ರಲ್ಲಿ ತೀರಿಕೊಂಡರು. ಊರಿಗಾದ ನಷ್ಟ ಸುಮಾರು 216 ಕೋಟಿ ರೂಪಾಯಿ ಎಂದು 2010ರಲ್ಲಿ ಸರಕಾರದ ಉನ್ನತಾಧಿಕಾರ ಸಮಿತಿ ಲೆಕ್ಕ ಹಾಕಿತು. ಪರಿಹಾರಕ್ಕಾಗಿ 2011ರಲ್ಲಿ ವಿಧಾನಸಭೆ ಮಸೂದೆ ಅಂಗೀಕರಿಸಿತು. ಆದರೆ ಅದಕ್ಕೆ ರಾಷ್ಟ್ರಪತಿಗಳ ಅಂಕಿತ ಸಿಗಲಿಲ್ಲ. ಪಾನೀಯ ಕುಡಿದವರು ಯಾವುದೋ ಪೇಟೆಯವರು. ಬೆಲೆ ತೆತ್ತದ್ದು ಕೊಡ ಹೊತ್ತ ಹೆಂಗಸರು.

ಕುಡಿದು ಎಸೆದ ಮೇಲೆ

ಅರ್ಧ ಲೀಟರಿನ ಬಾಟಲಿಯ ತೂಕ ಹತ್ತು ಗ್ರಾಂ ಆಸುಪಾಸು. ಸಾವಿರ ಜನರ ಮದುವೆಯಲ್ಲಿ ಒಬ್ಬರಿಗೆ ಒಂದರಂತೆ ಇಟ್ಟರೂ ಒಂದೇ ಹೊತ್ತಿಗೆ ಹತ್ತು ಕಿಲೋ ಪ್ಲಾಸ್ಟಿಕ್! ಬಾಟಲಿ ಗುಜರಿಗೆ ಹೋಗುತ್ತದಲ್ಲ ಎಂದು ಕೆಲವರು ಸಮಾಧಾನ ಹೇಳುತ್ತಾರೆ. ಇದರಲ್ಲಿ ಸ್ವಲ್ಪ ಸತ್ಯವಿದೆ. ಗುಜರಿ ಹೆಕ್ಕುವ ಬಡವರ ಶ್ರಮದಿಂದಾಗಿ ನಮ್ಮ ದೇಶದಲ್ಲಿ ಪೆಟ್ ಬಾಟಲಿಗಳು ಇತರ ಪ್ಲಾಸ್ಟಿಕ್‌ಗಳಿಗಿಂತ ಹೆಚ್ಚು ಪ್ರಮಾಣದಲ್ಲಿ ಮರುಬಳಕೆಯಾಗುತ್ತವೆ. ಆದರೆ ಹೆಚ್ಚಿನವು ಮತ್ತೆ ಬಾಟಲಿಯಾಗುವುದಿಲ್ಲ. ಪಾಲಿಯೆಸ್ಟರ್ ನೂಲಾಗಿ ಬಟ್ಟೆ, ದಿಂಬು ಸೇರುತ್ತವೆ. ಹೊಸ ಬಾಟಲಿಗೆ ಹೊಸ ತೈಲವೇ ಬೇಕು. ಎಂಜಲಿನೊಂದಿಗೆ ಬೆರೆತದ್ದು, ಚರಂಡಿಗೆ ಬಿದ್ದದ್ದು, ಮುಚ್ಚಳ, ಲೇಬಲ್ ಇವೆಲ್ಲ ಗುಜರಿಗೂ ಹೋಗುವುದಿಲ್ಲ. ಮಳೆಗಾಲದಲ್ಲಿ ತೋಡು ಕಟ್ಟಿ ನೀರು ರಸ್ತೆಗೆ ಬರುವಾಗ ತೋಡಿನ ಬಾಯಲ್ಲಿ ಸಿಕ್ಕಿಕೊಂಡಿರುವುದು ಇವೇ. ಉಳಿದವು ಹೊಳೆ ದಾಟಿ ಕಡಲು ಸೇರಿ, ಬಿಸಿಲಿಗೆ ಚೂರು ಚೂರಾಗಿ ಮೀನಿನ ಹೊಟ್ಟೆಗೆ ಹೋಗುತ್ತವೆ.

ಅನಿವಾರ್ಯ ಯಾವುದು, ರೂಢಿ ಯಾವುದು?

ಬಾಟಲಿ ನೀರು ಕೊಳ್ಳುವವರೆಲ್ಲ ತಪ್ಪಿತಸ್ಥರು ಎನ್ನುವುದು ಸರಿಯಲ್ಲ. ಪ್ರಯಾಣದಲ್ಲಿ, ಆಸ್ಪತ್ರೆಯಲ್ಲಿ, ನೆರೆ ಬಂದು ಬಾವಿಯೆಲ್ಲ ಮುಳುಗಿದಾಗ ಅದು ಜೀವ ಕಾಯುತ್ತದೆ. ಕೋಲಾರ, ಚಿಕ್ಕಬಳ್ಳಾಪುರ, ರಾಯಚೂರು ಮುಂತಾದೆಡೆ ಅಂತರ್ಜಲದಲ್ಲಿ ಫ್ಲೋರೈಡ್ ಇರುವಾಗ ಶುದ್ಧೀಕರಣ ಘಟಕದ ಕ್ಯಾನ್ ತರದೆ ವಿಧಿಯಿಲ್ಲ. 2024ರ ಬೇಸಿಗೆಯಲ್ಲಿ ಬೆಂಗಳೂರಿನ ಬೋರ್‌ವೆಲ್‌ಗಳು ಬತ್ತಿದಾಗ ಜನ ಕ್ಯಾನ್‌ಗಾಗಿ ಸರತಿ ನಿಂತದ್ದು ಶೋಕಿಗಲ್ಲ.

ಆದರೆ ಅನಿವಾರ್ಯವೇ ರೂಢಿಯಾದಾಗ ಏನಾಗುತ್ತದೆ? ಐದು ಜನರ ಕುಟುಂಬಕ್ಕೆ ದಿನಕ್ಕೆ ಹತ್ತು ಲೀಟರ್ ಕುಡಿಯುವ ನೀರು ಎಂದಿಟ್ಟುಕೊಳ್ಳಿ. ಲೀಟರಿಗೆ 20 ರೂಪಾಯಿಯ ಬಾಟಲಿಯಲ್ಲಿ ಅದನ್ನು ಕೊಂಡರೆ ತಿಂಗಳಿಗೆ 6,000 ರೂಪಾಯಿ. ನಲ್ಲಿಯಲ್ಲಾದರೆ ಅದರ ಖರ್ಚು ಕೆಲವೇ ರೂಪಾಯಿ. ಉಳ್ಳವರು ಕೊಂಡು ಕುಡಿಯತೊಡಗಿದರೆ ನಲ್ಲಿ ನೀರು ಕೆಂಪಾಗಿ ಬಂದರೂ ಅವರಿಗೆ ತಿಳಿಯುವುದಿಲ್ಲ, ಪಂಚಾಯತಿಗೂ ನಗರಸಭೆಗೂ ದೂರು ಹೋಗುವುದಿಲ್ಲ. ದೂರುವ ಬಲವಿಲ್ಲದವರ ಪಾಲಿಗಷ್ಟೇ ಆ ನೀರು ಉಳಿಯುತ್ತದೆ. ಅವರ ಮನೆಯ ಮಕ್ಕಳಿಗೆ ವಾಂತಿಭೇದಿಯಾಗುತ್ತದೆ. ಬಾಟಲಿಯ ಅತಿ ದೊಡ್ಡ ಹಾನಿ ಪ್ಲಾಸ್ಟಿಕ್ಕಿನದ್ದಲ್ಲ, ಇದು.

ಮದೀನಾದ ರೂಮಾ ಬಾವಿಯ ಘಟನೆ ನಮಗೆಲ್ಲ ಗೊತ್ತಿರುವಂಥದ್ದೇ. ಬಾವಿಯ ಒಡೆಯ ನೀರನ್ನು ಮಾರುತ್ತಿದ್ದ. ಕೊಳ್ಳಲಾಗದ ಬಡವರು ಪರದಾಡುತ್ತಿದ್ದರು. ಶ್ರೀಮಂತರಾಗಿದ್ದ ಹ. ಉಸ್ಮಾನ್(ರ) ತಮ್ಮ ಮನೆಗೆ ಬೇಕಾದ ನೀರನ್ನು ಸುಲಭವಾಗಿ ಕೊಳ್ಳಬಹುದಿತ್ತು. ಅವರು ನೀರು ಕೊಳ್ಳಲಿಲ್ಲ, ಬಾವಿಯನ್ನೇ ಕೊಂಡು ಎಲ್ಲರಿಗೂ ಬಿಟ್ಟುಕೊಟ್ಟರು. ವುಝೂ ಮಾಡುವಾಗಲೂ ನೀರು ಪೋಲಾಗಬಾರದೆಂದು ಕಲಿತ ನಾವು, ಅರ್ಧ ಕುಡಿದ ನೂರಾರು ಬಾಟಲಿಗಳನ್ನು ಎಸೆಯುವ ಔತಣವನ್ನು ಗೌರವವೆಂದು ತಿಳಿಯುವುದು ಹೇಗೆ?

ಒಬ್ಬ ಅಜ್ಜಿಯ ಛಲ

ಇದನ್ನೆಲ್ಲ ಬದಲಿಸುವುದು ನಮ್ಮಿಂದಾಗದು ಎಂದುಕೊಳ್ಳುವವರು ಜೀನ್ ಹಿಲ್ ಅವರ ಕಥೆ ಕೇಳಬೇಕು. ಅಮೆರಿಕದ ಮೆಸಾಚುಸೆಟ್ಸ್ ರಾಜ್ಯದ ಕಾಂಕರ್ಡ್ ಪಟ್ಟಣದಲ್ಲಿದ್ದ ಈಕೆ ಎಂಬತ್ತು ದಾಟಿದ ಅಜ್ಜಿ. ಶಾಂತ ಸಾಗರದಲ್ಲಿ ತೇಲುವ ಪ್ಲಾಸ್ಟಿಕ್ ರಾಶಿಯ ಬಗ್ಗೆ ಮೊಮ್ಮಗ ಹೇಳಿದ್ದನ್ನು ಕೇಳಿ ಕಳವಳಗೊಂಡರು. ಪುಟ್ಟ ನೀರಿನ ಬಾಟಲಿಗಳ ಮಾರಾಟ ನಿಲ್ಲಿಸಬೇಕೆಂದು ಊರ ಸಭೆಯ ಮುಂದೆ ಪ್ರಸ್ತಾಪ ಇಟ್ಟರು. 2010ರಲ್ಲಿ ಅದು ಪಾಸಾದರೂ ಕಾನೂನಿನ ತೊಡಕಿನಿಂದ ಬಿದ್ದುಹೋಯಿತು. 2011ರಲ್ಲಿ ಏಳು ಮತಗಳಿಂದ ಸೋತಿತು. ಅಜ್ಜಿ ಬಿಡಲಿಲ್ಲ. ಕಂಪೆನಿಗಳ ಸಂಘಟನೆಗಳ ಪ್ರಚಾರದ ನಡುವೆಯೂ 2012ರಲ್ಲಿ 403-364 ಮತಗಳಿಂದ ಗೆದ್ದರು. 2013ರ ಜನವರಿ 1ರಿಂದ ಒಂದು ಲೀಟರ್ ಮತ್ತು ಅದಕ್ಕಿಂತ ಚಿಕ್ಕ ಬಾಟಲಿ ನೀರಿಗೆ ಆ ಊರಿನಲ್ಲಿ ನಿಷೇಧ ಬಂತು.

ನಮ್ಮ ದೇಶದಲ್ಲೂ ಸಿಕ್ಕಿಂನ ಲಾಚೆನ್ ಎಂಬ ಪುಟ್ಟ ಪ್ರವಾಸಿ ಊರು 2012ರಲ್ಲೇ ಬಾಟಲಿ ನೀರು ಬೇಡ ಎಂದಿತು. ಹತ್ತು ವರ್ಷಗಳ ಬಳಿಕ, 2022ರ ಜನವರಿ 1ರಿಂದ, ಇಡೀ ಸಿಕ್ಕಿಂ ರಾಜ್ಯ ಎರಡು ಲೀಟರಿಗಿಂತ ಚಿಕ್ಕ ಬಾಟಲಿಗಳನ್ನು ನಿಷೇಧಿಸಿತು. ಒಂದು ಹಳ್ಳಿಯ ತೀರ್ಮಾನ ರಾಜ್ಯದ ಕಾನೂನಾಯಿತು.

ನಮ್ಮ ಮನೆಯಿಂದ ಆರಂಭಿಸೋಣ

ಮನೆಯ ನೀರಿನ ಜವಾಬ್ದಾರಿ ಹೆಚ್ಚಾಗಿ ಮಹಿಳೆಯರದ್ದೇ. ಔತಣದ ಪಟ್ಟಿ ತಯಾರಾಗುವುದೂ ಅವರ ಸಲಹೆಯಂತೆಯೇ. ಆದುದರಿಂದ ಈ ಕೆಲವು ವಿಷಯಗಳನ್ನು ಗಮನಿಸಬಹುದು.

* ಬಾವಿ ಅಥವಾ ನಲ್ಲಿ ನೀರನ್ನು ಬಟ್ಟೆಯಲ್ಲಿ ಸೋಸಿ, ಚೆನ್ನಾಗಿ ಕುದಿ ಬಂದ ಮೇಲೆ ಕನಿಷ್ಠ ಒಂದು ನಿಮಿಷ ಕುದಿಸಿ, ಮುಚ್ಚಿ ತಣಿಸಿದರೆ ರೋಗಾಣುಗಳ ಭಯವಿಲ್ಲ. ಆದರೆ ಫ್ಲೋರೈಡ್, ಕೀಟನಾಶಕದಂತಹ ರಾಸಾಯನಿಕಗಳು ಕುದಿಸಿದರೆ ಹೋಗುವುದಿಲ್ಲ. ಅನುಮಾನವಿದ್ದರೆ ನೀರನ್ನು ಪರೀಕ್ಷೆ ಮಾಡಿಸಿ. 2019ರಲ್ಲಿ ಆರಂಭವಾದ ಜಲಜೀವನ ಮಿಷನ್ ಅಡಿಯಲ್ಲಿ ಗ್ರಾಮಗಳಿಗೆ ನೀರು ಪರೀಕ್ಷಾ ಕಿಟ್ ಕೊಟ್ಟು ಮಹಿಳೆಯರಿಗೇ ತರಬೇತಿ ನೀಡಲಾಗಿದೆ. ಪಂಚಾಯತಿನಲ್ಲಿ ವಿಚಾರಿಸಿ.

* ವಾಟರ್ ಫಿಲ್ಟರ್ ಕೊಳ್ಳುವ ಮುನ್ನ ನೀರಿನ ಗುಣ ತಿಳಿಯಿರಿ. ಉಪ್ಪಿನಂಶ ಕಡಿಮೆಯಿರುವ ನೀರಿಗೆ ಆರ್‌ಒ ಯಂತ್ರ ಬೇಕಿಲ್ಲ. ಆ ಯಂತ್ರ ಒಂದು ಲೀಟರ್ ಶುದ್ಧ ಮಾಡಲು ಎರಡು ಮೂರು ಲೀಟರ್ ಹೊರಚೆಲ್ಲುತ್ತದೆ. ಈಗಾಗಲೇ ಇದ್ದರೆ ಆ ನೀರನ್ನು ನೆಲ ಒರೆಸಲು, ಪಾತ್ರೆ ತೊಳೆಯಲು ಹಿಡಿದಿಡಿ.

* ಮದುವೆ, ಇಫ್ತಾರ್‌ಗಳಲ್ಲಿ ಪುಟ್ಟ ಬಾಟಲಿಯ ಬದಲು ದೊಡ್ಡ ಕ್ಯಾನ್ ಅಥವಾ ನಲ್ಲಿಯಿರುವ ಸ್ಟೀಲ್ ಡ್ರಮ್ ಮತ್ತು ಲೋಟಗಳನ್ನಿಡಿ. ಬಡಿಸಲು ನಾಲ್ಕು ಮಂದಿ ಹುಡುಗರನ್ನು ನೇಮಿಸಿದರಾಯಿತು. ಖರ್ಚೂ ಕಡಿಮೆ.

* ಮಕ್ಕಳಿಗೂ ಪ್ರಯಾಣಕ್ಕೂ ಸ್ಟೀಲ್ ಬಾಟಲಿ ಕೊಡಿ. ಅಂಗಡಿಯ ಪೆಟ್ ಬಾಟಲಿಯನ್ನು ತಿಂಗಳುಗಟ್ಟಲೆ ತುಂಬಿಸಿ ಬಳಸಬೇಡಿ. ಬಿಸಿಲಲ್ಲಿ ನಿಂತ ಕಾರಿನಲ್ಲಿ ಇಡಬೇಡಿ. ಕಾವು ಏರಿದಷ್ಟೂ ಆ ಪ್ಲಾಸ್ಟಿಕ್‌ನಲ್ಲಿರುವ ಆಂಟಿಮನಿ ಎಂಬ ಲೋಹ ನೀರಿಗೆ ಇಳಿಯುವುದು ಹೆಚ್ಚುತ್ತದೆ.

* ಬಾಟಲಿ ಕೊಳ್ಳಲೇಬೇಕಾದಾಗ ಸೀಲ್, ದಿನಾಂಕ, ಪರವಾನಿಗೆ ಸಂಖ್ಯೆ ನೋಡಿ. ಕುಡಿದ ಮೇಲೆ ಹಿಂಡಿ ಚಪ್ಪಟೆ ಮಾಡಿ ಒಣ ಕಸಕ್ಕೆ ಹಾಕಿ. ಇಲ್ಲವಾದರೆ ಅದೇ ಬಾಟಲಿಗೆ ಯಾವುದೋ ನೀರು ತುಂಬಿ ಮತ್ತೆ ಮಾರುವವರಿದ್ದಾರೆ.

ಇವೆಲ್ಲಕ್ಕಿಂತ ಮುಖ್ಯವಾದ ಇನ್ನೊಂದಿದೆ. ನಲ್ಲಿಯಲ್ಲಿ ಕೆಟ್ಟ ನೀರು ಬಂದಾಗ ಕ್ಯಾನ್‌ಗೆ ಫೋನ್ ಮಾಡಿ ಸುಮ್ಮನಾಗಬೇಡಿ. ನೆರೆಹೊರೆಯ ನಾಲ್ಕು ಮಂದಿ ಹೆಂಗಸರು ಸೇರಿ ಪಂಚಾಯತಿಗೆ, ನಗರಸಭೆಗೆ ಒಂದು ಅರ್ಜಿ ಕೊಡಿ. ಗ್ರಾಮಸಭೆಯಲ್ಲಿ ಎದ್ದು ಕೇಳಿ. ಪ್ಲಾಚಿಮಡದಲ್ಲಿ ಓದು ಬರಹ, ಹಣ, ಅಧಿಕಾರ ಯಾವುದೂ ಕೈಯಲ್ಲಿಲ್ಲದ ಹೆಂಗಸರು ಅಷ್ಟನ್ನು ಕೇಳಿ ಪಡೆದರು. ನಮ್ಮ ಕೇರಿಯ ನಲ್ಲಿಯಲ್ಲಿ ಒಳ್ಳೆಯ ನೀರು ಬಂದರೆ ಅದು ನಮ್ಮ ಮನೆಗೆ ಮಾತ್ರವಲ್ಲ, ಬಾಟಲಿ ಕೊಳ್ಳಲಾಗದ ಪಕ್ಕದ ಮನೆಗೂ ಬರುತ್ತದೆ.